‘ಸ್ವಾಮಿ’ ಧಾರಾವಾಹಿಯಲ್ಲಿ ಮಾನವೂ ಮಸಲತ್ತೂ

೧

ದೂರದರ್ಶನದಲ್ಲಿ ಬಂದ ಮರಾಠಿ ಐತಿಹಾಸಿಕ ಧಾರಾವಾಹಿಗಳಲ್ಲಿ ‘ಸ್ವಾಮಿ’ಯ ಸ್ಥಾನವು ಹಿರಿದಾದುದು. ಶ್ರೀ ರಣಜಿತ ದೇಸಾಯಿಯವರ ಅದೇ ಹೆಸರಿನ ಕಾದಂಬರಿಯನ್ನು ಆಧರಿಸಿ ಶ್ರೀ ಗಜಾನನ ಜಾಗೀರದಾರರು ಕಳೆದ ಶತಮಾನದ ಎಂಬತ್ತರ ದಶಕದಲ್ಲಿ ಇದನ್ನು ನಿರ್ದೇಶಿಸಿದರು. ಮಾಧವರಾವ ಪೇಶವೆಯ ಪಾತ್ರವನ್ನು ಶ್ರೀ ರವೀಂದ್ರ ಮಂಕಣಿಯವರೂ, ರಮಾಬಾಯಿಯ ಪಾತ್ರವನ್ನು ಆಗಿನ್ನೂ ಎಳೆಯ ವಯಸ್ಸಿನವರಾಗಿದ್ದ ಮೃಣಾಲ ದೇವ ಅವರೂ, ರಘುನಾಥರಾವನ ಪಾತ್ರವನ್ನು ಶ್ರೀ ಶ್ರೀಕಾಂತ ಮೋಘೆಯವರೂ ವಹಿಸಿದ್ದರು. ಆ ಬಳಿಕ ಐತಿಹಾಸಿಕ ಧಾರಾವಾಹಿಗಳ ಮಹಾಪೂರವೇ ಬಂದಿತು. ಕೊಲ್ಲಾಪುರದ ಸಿಂಹಾಸನವನ್ನು ಸ್ಥಾಪಿಸಿದ ತಾರಾರಾಣಿಯನ್ನು ನಾಯಿಕೆಯನ್ನಾಗಿ ಮಾಡಿದ ಧಾರಾವಾಹಿಯೊಂದು ೨೦೨೧ರಲ್ಲಿ ಖಾಸಗಿ ವಾಹಿನಿಯಲ್ಲಿ ಆರಂಭವಾಯಿತು. ೨೦೧೪ರಲ್ಲಿ ಮೃಣಾಲ ಕುಲಕರ್ಣಿ, ಎಂದರೆ ಹಿಂದಿನ ಮೃಣಾಲ ದೇವ ಅವರೇ, ‘ರಮಾ ಮಾಧವ’ ಎಂಬ ಚಿತ್ರವನ್ನು ನಿರ್ದೇಶಿಸಿದರು. ಹೀಗಿದ್ದರೂ ಹಳೆಯದಾದ ‘ಸ್ವಾಮಿ’ಯನ್ನೇ ನಾವು ಇಲ್ಲಿ ವಿಮರ್ಶೆಗೆ ಆಯ್ದುಕೊಂಡುದಕ್ಕೆ ಕಾರಣವುಂಟು. ದರಬಾರು, ಅಂತಃಪುರ, ಸಂಶಯ, ಶಪಥ, ಕೊನೆಗೆ ಕಣ್ಣೀರು ಎಂಬ ಇಂದಿನ ಧಾರಾವಾಹಿಗಳ ಎರಕದ ಅಚ್ಚು ಬಹುಮಟ್ಟಿಗೆ ಈ ಕೃತಿಯಲ್ಲಿದೆ. ಅಚ್ಚನ್ನು ಪರೀಕ್ಷಿಸಿದರೆ ಅದರಿಂದ ಬಂದ ಬೊಂಬೆಗಳ ಗುಣದೋಷಗಳು ತಾವಾಗಿಯೇ ತಿಳಿಯುತ್ತವೆ.

ಇನ್ನೊಂದು ಕಾರಣವು ನಮ್ಮ ಪ್ರದೇಶಕ್ಕೇ ಸಂಬಂಧಿಸಿದುದು. ರಣಜಿತ ದೇಸಾಯಿಯವರು (೧೯೨೮–೧೯೯೨) ಚಂದಗಡ ತಾಲೂಕಿನ ಕೋವಾಡದವರು. ತಾಮ್ರಪರ್ಣಿಯ ದಂಡೆಯ ಮೇಲಿರುವ ಈ ಊರು ಗಡಹಿಂಗ್ಲಜಕ್ಕೂ ನೆರೆಯದು, ಬೆಳಗಾವಿಗೂ ನೆರೆಯದು. ಸಂತೆಗೆ ಹೋದವನು ಎರಡು ಭಾಷೆಗಳಲ್ಲಿ ಚೌಕಾಸಿ ಮಾಡಿ ಬರುವ ನಾಡಿದು. ೧೯೬೨ರಲ್ಲಿ ಪ್ರಕಟವಾಗಿ ೧೯೬೪ರಲ್ಲಿ ಸಾಹಿತ್ಯ ಅಕಾದೆಮಿಯ ಪ್ರಶಸ್ತಿಯನ್ನು ಪಡೆದ ‘ಸ್ವಾಮಿ’ಯು ಇಂತಹ ನೆಲದ ಲೇಖಕನಿಂದ ಬಂದಿತೆಂಬುದು ಈ ಭಾಗದ ಕನ್ನಡಿಗರಾದ ನಮಗೂ ಅಭಿಮಾನದ ಸಂಗತಿಯೇ. ಆದುದರಿಂದ ಈ ವಿಮರ್ಶೆಯನ್ನು ನೆರೆಯವನ ಹೊಲದಲ್ಲಿ ಕಲ್ಲೆಸೆಯುವ ಕೆಲಸವೆಂದು ಯಾರೂ ಭಾವಿಸಬೇಕಾದುದಿಲ್ಲ. ನಮ್ಮದೇ ಹೊಲದ ಬದುವಿನ ಮೇಲೆ ನಿಂತು ನಾವು ಮಾತಾಡುತ್ತಿದ್ದೇವೆ.

ಅರಮನೆಯನ್ನು ಕುರಿತ ನಾಟಕವೆಂದ ಮೇಲೆ ಅದರಲ್ಲಿ ಎರಡು ಎಳೆಗಳು ಇರಲೇಬೇಕು. ಒಂದು ಮಾನ, ಇನ್ನೊಂದು ಮಸಲತ್ತು. ಮಾನವಿಲ್ಲದಿದ್ದರೆ ಮಸಲತ್ತಿಗೆ ಬೆಲೆಯಿಲ್ಲ; ಮಸಲತ್ತಿಲ್ಲದಿದ್ದರೆ ಮಾನಕ್ಕೆ ಪರೀಕ್ಷೆಯಿಲ್ಲ. ಹಾಗಾದರೆ ಈ ಕೃತಿಯಲ್ಲಿ ಮಾನವು ಯಾರ ಪಾಲಿಗೆ ಬಂದಿದೆ? ಮಸಲತ್ತಿನ ಹೊರೆಯು ಯಾರ ತಲೆಯ ಮೇಲೆ ಬಿದ್ದಿದೆ? ಇವೆರಡೇ ಪ್ರಶ್ನೆಗಳನ್ನು ಕೇಳಿ ಉತ್ತರವನ್ನು ಹುಡುಕುವುದು ಪ್ರಸ್ತುತ ಲೇಖನದ ಉದ್ದೇಶ.

೨

ಕಥಾವಸ್ತುವು ವಾಚಕರಿಗೆ ಪರಿಚಿತವಾದುದೇ. ೧೭೬೧ರ ಜನವರಿಯಲ್ಲಿ ಪಾಣಿಪತದ ಘೋರ ಸೋಲು; ಅದೇ ವರ್ಷ ನಾನಾಸಾಹೇಬನ ಮರಣ; ಹದಿನಾರು ವರ್ಷದ ಮಾಧವರಾವನಿಗೆ ಪೇಶವೆ ಪದವಿ. ಹೊರಗೆ ನಿಜಾಮ, ಹೈದರಲಿ. ಒಳಗೆ ಬರಿದಾದ ಬೊಕ್ಕಸ. ಇವೆಲ್ಲಕ್ಕಿಂತ ಸಮೀಪದಲ್ಲಿ, ಒಂದೇ ವಾಡೆಯಲ್ಲಿ, ಅಧಿಕಾರದ ಆಸೆಯುಳ್ಳ ಚಿಕ್ಕಪ್ಪ ರಘುನಾಥರಾವ. ೧೭೬೨ರಲ್ಲಿ ಆಳೇಗಾಂವದ ಬಳಿ ಚಿಕ್ಕಪ್ಪನೆದುರು ತಾನಾಗಿಯೇ ಶರಣಾಗಿ, ಮನೆಯ ಜಗಳವು ರಾಜ್ಯದ ನಾಶವಾಗದಂತೆ ನೋಡಿಕೊಂಡ ಹುಡುಗನು, ೧೭೬೮ರಲ್ಲಿ ಧೋಡಪದಲ್ಲಿ ಅದೇ ಚಿಕ್ಕಪ್ಪನನ್ನು ಸೋಲಿಸಿ ಶನಿವಾರವಾಡೆಯಲ್ಲಿ ನಿರ್ಬಂಧದಲ್ಲಿಟ್ಟನು. ೧೭೭೨ರ ನವೆಂಬರ ೧೮ರಂದು ಥೇವೂರಿನ ಗಣಪತಿಯ ಸನ್ನಿಧಿಯಲ್ಲಿ, ಕ್ಷಯರೋಗದಿಂದ, ಇಪ್ಪತ್ತೇಳನೆಯ ವಯಸ್ಸಿನಲ್ಲಿ ತೀರಿಕೊಂಡನು. ಹನ್ನೊಂದು ವರ್ಷಗಳ ಈ ಆಳಿಕೆಯು ದುರಂತ ನಾಟಕಕ್ಕೆ ದೇವರೇ ಒದಗಿಸಿಕೊಟ್ಟ ವಸ್ತು ಎನ್ನಬಹುದು.

ಇಂತಹ ವಸ್ತುವು ಕೈಗೆ ಸಿಕ್ಕಾಗ ಸಾಮಾನ್ಯ ನಾಟಕಕಾರನು ಖಡ್ಗವನ್ನು ಝಳಪಿಸುತ್ತಾನೆ. ‘ಸ್ವಾಮಿ’ಯ ಹಿರಿಮೆಯು ಅದು ಹಾಗೆ ಮಾಡದಿರುವುದರಲ್ಲಿದೆ. ಇಲ್ಲಿ ನಾಯಕನ ಎತ್ತರವನ್ನು ಅಳೆಯುವ ಕೋಲು ರಾಮಶಾಸ್ತ್ರಿ ಪ್ರಭುಣೆಯವರ ಕೈಯಲ್ಲಿದೆ. ಮಾಧವರಾವನು ಜಪತಪಗಳಲ್ಲಿ ಮೈಮರೆತು ರಾಜಕಾರ್ಯಕ್ಕೆ ಸಮಯ ಕೊಡದಿದ್ದಾಗ, ನ್ಯಾಯಾಧೀಶರಾದ ಶಾಸ್ತ್ರಿಗಳು ಕಾಶಿಗೆ ಹೋಗಲು ಅಪ್ಪಣೆ ಬೇಡಿದರಂತೆ. ಬ್ರಾಹ್ಮಣಧರ್ಮವನ್ನೇ ನಡೆಸುವುದಾದರೆ ಗಾದಿಯನ್ನು ಬಿಟ್ಟು ನನ್ನ ಸಂಗಡ ಗಂಗೆಯ ದಡಕ್ಕೆ ಬರಬೇಕು, ಗಾದಿಯ ಮೇಲೆ ಕೂಡುವುದಾದರೆ ಪ್ರಜೆಗಳ ದೂರನ್ನು ಕೇಳುವುದೇ ಜಪ, ಎಂಬುದು ಅವರ ಮಾತಿನ ತಾತ್ಪರ್ಯ. ಪೇಶವೆಯು ನಾಚಿ ತನ್ನ ಕ್ರಮವನ್ನು ತಿದ್ದಿಕೊಂಡನು. ೧೮೨೬ರಲ್ಲಿ ಮರಾಠರ ಇತಿಹಾಸವನ್ನು ಪ್ರಕಟಿಸಿದ ಗ್ರಾಂಟ್ ಡಫ್ ಸಾಹೇಬನು ಈ ಪ್ರಸಂಗವನ್ನು ಬರೆದಿಟ್ಟಿದ್ದಾನೆ. ಹಳ್ಳಿಗರನ್ನು ಹಿಡಿದು ಹೊರೆ ಹೊರಿಸುವ ಬಿಟ್ಟಿ ಚಾಕರಿಯನ್ನು ಮಾಧವರಾವನು ತಡೆದ ಸಂಗತಿಯೂ ಆ ಗ್ರಂಥದಲ್ಲಿದೆ.

ಪ್ರಶ್ನೆಯನ್ನು ಕೇಳುವವನಿಗೆ ಎದ್ದುನಿಂತು ಉತ್ತರ ಕೊಡುವುದೇ ಅರಸನ ಮಾನ ಎಂಬ ಈ ತಿಳಿವಳಿಕೆಯು ‘ಸ್ವಾಮಿ’ಯ ಬೆನ್ನೆಲುಬಾಗಿದೆ. ನಿರ್ದೇಶಕರಿಗೆ ಇದು ಹೊಸ ಪಾಠವಾಗಿರಲಿಲ್ಲ. ೧೯೪೪ರಲ್ಲಿ ತೆರೆಗೆ ಬಂದ ಪ್ರಭಾತ ಕಂಪನಿಯ ‘ರಾಮಶಾಸ್ತ್ರಿ’ ಚಿತ್ರದಲ್ಲಿ ರಾಮಶಾಸ್ತ್ರಿಯ ಪಾತ್ರವನ್ನು ವಹಿಸಿದವರು ಇದೇ ಜಾಗೀರದಾರರು. ಆ ಪ್ರಭಾತ ಕಂಪನಿಯಾದರೂ ೧೯೨೯ರಲ್ಲಿ ಜನಿಸಿದ್ದು ಕೊಲ್ಲಾಪುರದಲ್ಲಿ. ಪುಣೆಗೆ ಸಾಗಿದ್ದು ೧೯೩೩ರಲ್ಲಿ. ಕಾದಂಬರಿಯು ನಮ್ಮ ನೆರೆಯ ಕೋವಾಡದ್ದು, ನಿರ್ದೇಶಕರ ಹಿಂದಿನ ಕೀರ್ತಿಯು ಕೊಲ್ಲಾಪುರದಲ್ಲಿ ಬೇರುಬಿಟ್ಟ ಸಂಸ್ಥೆಯದು. ನ್ಯಾಯಾಧೀಶನ ವೇಷವನ್ನು ಧರಿಸಿದ್ದ ನಟನೇ ನಾಲ್ಕು ದಶಕಗಳ ಅನಂತರ ಪೇಶವೆಯ ಕಥೆಯನ್ನು ಹೇಳಿದುದರಿಂದ, ನಾಯಕನನ್ನು ಹಾಡಿ ಹೊಗಳುವಾಗಲೂ ನ್ಯಾಯದ ಕಣ್ಣು ಮುಚ್ಚಲಿಲ್ಲವೆಂದು ನಾವು ತಿಳಿಯುತ್ತೇವೆ. ನಮ್ಮ ಮೊದಲನೆಯ ಪ್ರಶ್ನೆಗೆ ಹೀಗೆ ಒಳ್ಳೆಯ ಉತ್ತರವೇ ದೊರೆಯಿತು. ತೊಡಕು ಬರುವುದು ಎರಡನೆಯದರಲ್ಲಿ.

೩

ಮಸಲತ್ತಿಗೆ ಒಂದು ಮುಖ ಬೇಕು. ರಘುನಾಥರಾವನ ಮುಖವನ್ನು ಲೇಖಕರು ಪೂರ್ತಿ ಕಪ್ಪಾಗಿ ಬರೆಯಲಿಲ್ಲ. ಅವನಲ್ಲಿ ಆಸೆಯಿದೆ, ಅಳುಕಿದೆ, ಅಣ್ಣನ ಮಗನ ಮೇಲೆ ಮಮತೆಯೂ ಇದೆ. ಗಂಡನ ಪಾತ್ರವು ಹೀಗೆ ಬೆಳ್ಳಗಾದಷ್ಟೂ ಮಸಿಯು ಹೆಂಡತಿಯತ್ತ ಹರಿಯುತ್ತದೆ. ಆನಂದಿಬಾಯಿಯು ಪರದೆಯ ಮೇಲೆ ಕಾಣಿಸಿಕೊಂಡ ಕೂಡಲೆ ಪ್ರೇಕ್ಷಕನು ತೀರ್ಪನ್ನು ಬರೆದು ಮುಗಿಸಿರುತ್ತಾನೆ. ಏಕೆಂದರೆ ಅವನು ಮುಂದಿನ ಕಥೆಯನ್ನು ಬಲ್ಲನು.

ಆ ಮುಂದಿನ ಕಥೆಯು ‘ಸ್ವಾಮಿ’ಯ ಅಂಕದಾಚೆಗೆ ಇದೆ. ೧೭೭೩ರ ಆಗಸ್ಟ್ ೩೦ರಂದು ಮಾಧವರಾವನ ತಮ್ಮ, ಹದಿನೆಂಟರ ಹರೆಯದ ನಾರಾಯಣರಾವ ಪೇಶವೆಯನ್ನು ಶನಿವಾರವಾಡೆಯಲ್ಲಿ ಗಾರದಿ ಸಿಪಾಯಿಗಳು ಕೊಂದರು. ಹಿಡಿಯಬೇಕೆಂಬ ಅರ್ಥದ ‘ಧರಾವೇ’ ಎಂಬ ಮಾತನ್ನು ಆನಂದಿಬಾಯಿಯು ಕೊಲ್ಲಬೇಕೆಂಬ ಅರ್ಥದ ‘ಮಾರಾವೇ’ ಎಂದು ಚೀಟಿಯಲ್ಲಿ ತಿದ್ದಿದಳೆಂಬುದು ಪ್ರಸಿದ್ಧವಾದ ಕಥೆ. ‘ಧ’ದ ‘ಮಾ’ ಮಾಡುವುದು ಎಂದು ಮರಾಠಿಯಲ್ಲಿ ನುಡಿಗಟ್ಟೇ ಆಗಿಹೋಗಿದೆ. ನಮ್ಮ ಗಡಹಿಂಗ್ಲಜದ ಪೇಟೆಯಲ್ಲಿ ಕನ್ನಡಿಗರೂ ಅದನ್ನು ಲೀಲಾಜಾಲವಾಗಿ ಆಡುತ್ತಾರೆ. ಗ್ರಾಂಟ್ ಡಫ್‌ನೂ ಈ ಕಥೆಯನ್ನು ಬರೆದಿದ್ದಾನೆ. ಆದರೆ ಅವನು ಬರೆದುದು ಘಟನೆಯಾಗಿ ಅರ್ಧ ಶತಮಾನ ಕಳೆದ ಮೇಲೆ. ಮೂಲ ಚೀಟಿಯು ಇಂದು ನಮ್ಮೆದುರಿಗಿಲ್ಲ. ಅಕ್ಷರವನ್ನು ತಿದ್ದಿದ ಕೈ ಯಾವುದೆಂಬುದಕ್ಕೆ ಜನಶ್ರುತಿಯೇ ಸಾಕ್ಷಿ.

ಅಕ್ಷರ ಕಲಿಸುವುದನ್ನೇ ವೃತ್ತಿಯಾಗಿ ಉಳ್ಳ ನಾವು ಇಲ್ಲಿ ಒಂದು ಗಳಿಗೆ ನಿಲ್ಲಬೇಕು. ಉತ್ತರಪತ್ರಿಕೆಯಲ್ಲಿ ಒಂದು ಅಕ್ಷರವು ತಿದ್ದಿದಂತೆ ಕಂಡರೆ, ತಿದ್ದಿದವರು ಯಾರೆಂದು ನಿಶ್ಚಯವಾಗುವವರೆಗೆ ನಾವು ಒಬ್ಬ ಹುಡುಗನ ಹೆಸರನ್ನು ಫಲಕದ ಮೇಲೆ ಬರೆಯುವುದಿಲ್ಲ. ಆನಂದಿಬಾಯಿಗೆ ಅಷ್ಟು ಮರ್ಯಾದೆಯೂ ದೊರೆತಿಲ್ಲ. ರಾಮಶಾಸ್ತ್ರಿಗಳು ವಿಚಾರಣೆ ನಡೆಸಿ ಅಪರಾಧದ ಹೊಣೆಯನ್ನು ಹೊರಿಸಿದ್ದು ಅಧಿಕಾರದಲ್ಲಿದ್ದ ರಘುನಾಥರಾವನ ಮೇಲೆ. ಅದನ್ನು ಅವನೆದುರಿಗೇ ಹೇಳಿ ಅವರು ಪುಣೆಯನ್ನು ಬಿಟ್ಟು ನಡೆದರು. ನ್ಯಾಯಾಧೀಶನು ಅಧಿಕಾರಸ್ಥನತ್ತ ಬೆರಳು ಮಾಡಿದನು. ಜನಶ್ರುತಿಯು ಅವನ ಹೆಂಡತಿಯತ್ತ ಬೆರಳು ಮಾಡಿತು. ನಾಟಕಗಳು ಜನಶ್ರುತಿಯ ಬೆನ್ನು ಹತ್ತಿದುವು. ಅರಮನೆಯ ಕೇಡಿಗೆಲ್ಲ ಅಂತಃಪುರವೇ ಮೂಲವೆಂಬ ಸುಲಭವಾದ ತಿಳಿವಳಿಕೆಯನ್ನು ಇಂದಿನ ಧಾರಾವಾಹಿಗಳು ಇನ್ನೂ ಸುಲಭವಾಗಿಸಿವೆ. ಕಣ್ಣಿಗೆ ಕಾಡಿಗೆ ಹೆಚ್ಚಾದರೆ ಕೇಡಿಗಳೆಂದು ತಿಳಿಯಬೇಕು, ಅಷ್ಟೇ.

ಕೃತಿಯ ಸೀಮೆಯೊಳಗೆ ಇಲ್ಲದ ಕೊಲೆಗೆ ಕೃತಿಯನ್ನು ಹೊಣೆ ಮಾಡುವುದು ಸರಿಯೇ ಎಂದು ಯಾರಾದರೂ ಕೇಳಬಹುದು. ಪ್ರಶ್ನೆಯು ನ್ಯಾಯವಾದುದು. ನಾವು ಹೇಳುವುದಿಷ್ಟೇ: ಪ್ರೇಕ್ಷಕನ ಮನಸ್ಸಿನಲ್ಲಿ ಮೊದಲೇ ಬರೆದಿಟ್ಟ ತೀರ್ಪನ್ನು ಒಂದಿಷ್ಟು ಅಲುಗಿಸಿ ನೋಡುವುದು ದೊಡ್ಡ ಕಲಾವಿದನ ಕೆಲಸ. ರಘುನಾಥರಾವನ ವಿಷಯದಲ್ಲಿ ದೇಸಾಯಿಯವರು ಅದನ್ನು ಮಾಡಿದ್ದಾರೆ. ಅದೇ ಔದಾರ್ಯವನ್ನು ಅವನ ಹೆಂಡತಿಗೂ ತೋರಿಸಬಹುದಾಗಿತ್ತು.

೪

ಸ್ತ್ರೀಪಾತ್ರಗಳ ಮಾತು ಬಂದುದರಿಂದ ರಮಾಬಾಯಿಯ ವಿಚಾರವನ್ನೂ ಇಲ್ಲಿಯೇ ಮಾಡತಕ್ಕದ್ದು. ಕಥೆಯ ಕೊನೆಯಲ್ಲಿ ಆಕೆ ಪತಿಯ ಚಿತೆಯನ್ನೇರುತ್ತಾಳೆ. ಇತಿಹಾಸದಲ್ಲಿಯೂ ಹಾಗೆಯೇ ನಡೆದುದರಿಂದ ಲೇಖಕರು ಅದನ್ನು ಬಿಡುವಂತಿರಲಿಲ್ಲ. ಆದರೆ ಸಂಗೀತ, ಅಲಂಕಾರ, ಬೆಳಕುಗಳಿಂದ ಕೂಡಿದ ದೃಶ್ಯಕಲೆಯಲ್ಲಿ ಇದೇ ಘಟನೆಯು ಬಹು ಬೇಗ ಪೂಜೆಯ ರೂಪವನ್ನು ತಾಳುತ್ತದೆ. ಧಾರಾವಾಹಿಯು ಬಂದ ಆ ದಶಕದಲ್ಲೇ, ೧೯೮೭ರ ಸೆಪ್ಟೆಂಬರದಲ್ಲಿ, ರಾಜಸ್ಥಾನದ ದೇವರಾಳಾ ಗ್ರಾಮದಲ್ಲಿ ಎಳೆಯ ವಿಧವೆಯೊಬ್ಬಳು ಚಿತೆಯಲ್ಲಿ ಸುಟ್ಟುಹೋದಳು. ಸಹಗಮನವನ್ನಷ್ಟೇ ಅಲ್ಲದೆ ಅದರ ವೈಭವೀಕರಣವನ್ನೂ ಅಪರಾಧವೆಂದು ಸಾರುವ ಕಾಯಿದೆಯನ್ನು ಆ ವರ್ಷವೇ ದೇಶವು ಮಾಡಬೇಕಾಯಿತು. ನಮ್ಮ ಹಳ್ಳಿಗಳ ಸೀಮೆಯಲ್ಲಿ ಮಾಸ್ತಿಗಲ್ಲುಗಳು ಇಂದಿಗೂ ಇವೆ. ಕಲ್ಲಿನಲ್ಲಿ ಕೆತ್ತಿದ ಆ ಎತ್ತಿದ ಕೈಯು ಬಳೆ ತೊಟ್ಟಿರುತ್ತದೆ. ಆ ಕೈಯವಳ ವಯಸ್ಸು ಎಷ್ಟಾಗಿತ್ತೆಂದು ಕಲ್ಲು ಹೇಳುವುದಿಲ್ಲ. ನಾಟಕವಾದರೂ ಅದನ್ನು ಹೇಳಬೇಡವೆ?

‘ಸ್ವಾಮಿ’ಯ ಸ್ತ್ರೀಲೋಕದಲ್ಲಿ ಒಂದು ತುದಿಗೆ ಬೆಂಕಿಗೆ ನಡೆದ ರಮೆ, ಇನ್ನೊಂದು ತುದಿಗೆ ಮನೆಗೆ ಬೆಂಕಿ ಇಟ್ಟವಳೆಂಬ ಅಪವಾದ ಹೊತ್ತ ಆನಂದಿ. ಇವೆರಡರ ನಡುವೆ ಮೂರನೆಯ ಬಗೆಯ ಹೆಣ್ಣು ಆ ಕಾಲದಲ್ಲಿ ಇರಲಿಲ್ಲವೆ? ಇದ್ದಳು, ಅದೂ ನಮ್ಮ ಕಣ್ಣಳತೆಯಲ್ಲೇ ಇದ್ದಳು. ಇಚಲಕರಂಜಿ ಸಂಸ್ಥಾನದ ಅನುಬಾಯಿ ಘೋರ್ಪಡೆಯು ಮೊದಲನೆಯ ಪೇಶವೆ ಬಾಳಾಜಿ ವಿಶ್ವನಾಥನ ಮಗಳು, ಮಾಧವರಾವನ ಅಜ್ಜ ಬಾಜೀರಾವನ ತಂಗಿ. ಗಂಡ ವೆಂಕಟರಾವನು ತೀರಿದ ಮೇಲೆ ಹಲವು ದಶಕಗಳ ಕಾಲ ಸಂಸ್ಥಾನದ ಲೆಕ್ಕ, ದಂಡು, ತಂಟೆ ತಕರಾರುಗಳನ್ನೆಲ್ಲ ನೋಡಿಕೊಂಡು ೧೭೮೩ರವರೆಗೆ ಬಾಳಿದಳು. ಇಂದು ಇಚಲಕರಂಜಿ ಎಂದೊಡನೆ ಮಗ್ಗದ ಸದ್ದು ನೆನಪಾಗುತ್ತದೆಯೇ ಹೊರತು ಅನುಬಾಯಿಯ ಹೆಸರು ನೆನಪಾಗುವುದಿಲ್ಲ.

ಕೊಲ್ಲಾಪುರದಲ್ಲಿಯೂ ಅದೇ ಸಮಯಕ್ಕೆ ಒಂದು ಅರಮನೆಯ ನಾಟಕವು ನಡೆಯುತ್ತಿತ್ತು. ೧೭೬೦ರ ಡಿಸೆಂಬರದಲ್ಲಿ ಸಂಭಾಜಿ ಮಹಾರಾಜನು ಮಕ್ಕಳಿಲ್ಲದೆ ತೀರಿಕೊಂಡನು. ಈ ರಾಜ್ಯವನ್ನು ಸಾತಾರೆಗೆ ಸೇರಿಸಿಬಿಡಬೇಕೆಂದು ಪುಣೆಯ ಯೋಚನೆ. ರಾಣಿ ಜಿಜಾಬಾಯಿಯು ಸವತಿಯೊಬ್ಬಳು ಗರ್ಭಿಣಿಯೆಂದು ಸಾರಿ ಕಾಲವನ್ನು ತಳ್ಳಿದಳು. ದತ್ತಕದ ಹಕ್ಕಿಗಾಗಿ ಪಟ್ಟು ಹಿಡಿದಳು. ೧೭೬೨ರಲ್ಲಿ ದತ್ತಕಕ್ಕೆ ಸಮ್ಮತಿಯನ್ನೂ ಪಡೆದಳು. ಸಮ್ಮತಿಯನ್ನಿತ್ತ ಪೇಶವೆಯು ಯಾರು? ನಮ್ಮ ಕಥಾನಾಯಕ ಮಾಧವರಾವನೇ. ಬಳಿಕ ೧೭೭೩ರಲ್ಲಿ ತೀರಿಕೊಳ್ಳುವವರೆಗೆ ಆಕೆಯೇ ಬಾಲರಾಜನ ಹೆಸರಿನಲ್ಲಿ ಆಳಿದಳು. ಇದು ಮಸಲತ್ತೋ, ಮಾನರಕ್ಷಣೆಯೋ? ಪುಣೆಯ ಕಣ್ಣಿಗೆ ಮೊದಲನೆಯದು, ಕೊಲ್ಲಾಪುರದ ಕಣ್ಣಿಗೆ ಎರಡನೆಯದು. ಆನಂದಿಬಾಯಿಗೂ ಜಿಜಾಬಾಯಿಗೂ ನಡುವೆ ಇರುವ ಅಂತರವು ಗುಣದ್ದು ಎಷ್ಟು, ನೋಡುವವನು ನಿಂತ ಸ್ಥಳದ್ದು ಎಷ್ಟು ಎಂದು ವಿಚಾರಿಸಲು ಇದಕ್ಕಿಂತ ಒಳ್ಳೆಯ ಉದಾಹರಣೆಯು ಸಿಕ್ಕಲಾರದು.

೫

ನಿಂತ ಸ್ಥಳದ ಮಾತನ್ನು ಇನ್ನಷ್ಟು ಮುಂದುವರಿಸೋಣ. ಮಾಧವರಾವನ ಆಯುಷ್ಯದಲ್ಲಿ ಕರ್ನಾಟಕದ ಪಾಲು ದೊಡ್ಡದು. ಅವನು ೧೭೪೫ರಲ್ಲಿ ಹುಟ್ಟಿದ್ದೇ ಸವಣೂರಿನಲ್ಲಿ. ೧೭೬೪ರಲ್ಲಿ ರಟ್ಟೀಹಳ್ಳಿಯ ಬಳಿ ಹೈದರಲಿಯನ್ನು ಸೋಲಿಸಿದನು. ೧೭೬೭ರಲ್ಲಿ ಸಿರಾ, ಮಧುಗಿರಿಗಳನ್ನು ಗೆದ್ದನು. ಆದರೆ ‘ಸ್ವಾಮಿ’ಯಂತಹ ಕೃತಿಗಳಲ್ಲಿ ಕರ್ನಾಟಕವೆಂದರೆ ನಾಯಕನು ಹೋಗಿ ಗೆದ್ದು, ದಣಿದು, ಜ್ವರವನ್ನು ಹೊತ್ತುಕೊಂಡು ಬರುವ ದೂರದ ರಣಭೂಮಿ. ಅಲ್ಲಿ ಮನುಷ್ಯರಿದ್ದರು, ಅವರಿಗೂ ಅರಮನೆಗಳಿದ್ದುವು, ಆ ಅರಮನೆಗಳಲ್ಲಿಯೂ ಮಾನ ಮಸಲತ್ತುಗಳು ಇದ್ದುವು ಎಂಬುದು ಹಿನ್ನೆಲೆಗೆ ಸರಿಯುತ್ತದೆ.

ಮಧುಗಿರಿಯ ಸಂಗತಿಯನ್ನೇ ನೋಡಬಹುದು. ೧೭೬೩ರಲ್ಲಿ ಹೈದರಲಿಯು ಬಿದನೂರನ್ನು ಹಿಡಿದನು. ಸತ್ತನೆನ್ನಲಾಗಿದ್ದ ಚೆನ್ನಬಸವ ನಾಯಕನು ತಾನೇ ಎಂದು ಹೇಳಿಕೊಂಡು ಬಂದ ಒಬ್ಬನು ಈ ಕಾರ್ಯಕ್ಕೆ ಅವನಿಗೆ ನೆಪವಾಗಿ ಒದಗಿದ್ದನು. ಕೆಳದಿಯ ಅರಸುಮನೆತನದ ಕೊನೆಯ ರಾಣಿ ವೀರಮ್ಮಾಜಿಯು ಮಧುಗಿರಿಯ ದುರ್ಗದಲ್ಲಿ ಸೆರೆಯಾದಳು. ನಾಲ್ಕು ವರ್ಷಗಳ ಬಳಿಕ ಆಕೆಯನ್ನು ಬಿಡಿಸಿದವನು ಮಾಧವರಾವ. ಪುಣೆಯತ್ತ ಸಾಗುವ ದಾರಿಯಲ್ಲಿಯೇ ಆಕೆ ತೀರಿಕೊಂಡಳೆನ್ನುತ್ತಾರೆ. ರಾಜ್ಯವನ್ನು ಕಳೆದುಕೊಂಡ ಕನ್ನಡದ ರಾಣಿ, ರಾಜ್ಯವನ್ನು ಉಳಿಸಿಕೊಳ್ಳಲು ಹೆಣಗುತ್ತಿರುವ ಇಪ್ಪತ್ತೆರಡರ ಪೇಶವೆ: ಇವರಿಬ್ಬರು ಎದುರುಬದುರಾದ ಗಳಿಗೆಯು ಯಾವ ನಾಟಕಕಾರನಿಗೂ ನಿಧಿಯಂತಹುದು.

ಇದಕ್ಕೆ ಇನ್ನೂ ಆಳವಾದ ಅರ್ಥವೊಂದಿದೆ. ೧೬೮೯ರಲ್ಲಿ ಮೊಗಲರ ಕೈಗೆ ಸಿಕ್ಕದಂತೆ ಪನ್ಹಾಳದಿಂದ ಹೊರಟು ಜಿಂಜಿಯತ್ತ ಸಾಗಿದ್ದ ರಾಜಾರಾಮ ಛತ್ರಪತಿಗೆ ಆಶ್ರಯ ಕೊಟ್ಟವಳು ಕೆಳದಿಯ ಚೆನ್ನಮ್ಮಾಜಿ. ಶರಣು ಬಂದವನನ್ನು ಒಪ್ಪಿಸೆಂದು ಔರಂಗಜೇಬನು ಬೆದರಿಸಿದರೂ ಬಿಟ್ಟುಕೊಡದೆ ಆಕೆ ಕಾದಾಡಿದಳು. ಆ ರಾಜಾರಾಮನು ಅಂದು ಸಿಕ್ಕಿಬಿದ್ದಿದ್ದರೆ ತಾರಾರಾಣಿಯ ಪರಾಕ್ರಮಕ್ಕೂ ಕೊಲ್ಲಾಪುರದ ಗಾದಿಗೂ ದಾರಿ ಯಾವುದಿತ್ತು? ಕೆಳದಿಯ ಒಬ್ಬ ರಾಣಿ ಮರಾಠರ ಅರಸನನ್ನು ಕಾಪಾಡಿದಳು. ಎಪ್ಪತ್ತೆಂಟು ವರ್ಷಗಳ ಮೇಲೆ ಮರಾಠರ ಪೇಶವೆಯೊಬ್ಬನು ಅದೇ ಮನೆತನದ ರಾಣಿಯನ್ನು ಸೆರೆಯಿಂದ ಬಿಡಿಸಿದನು. ಅವನು ಅದನ್ನು ಋಣವೆಂದು ತಿಳಿದು ಮಾಡಿದನೆಂದು ನಾವು ವಾದಿಸುವುದಿಲ್ಲ. ರಾಜಕಾರಣದ ಲೆಕ್ಕವು ಅದರಲ್ಲಿ ಇದ್ದೇ ಇತ್ತು. ಆದರೂ ಈ ಎರಡು ಸಂಗತಿಗಳನ್ನು ಒಂದರ ಪಕ್ಕದಲ್ಲಿ ಇನ್ನೊಂದನ್ನಿಟ್ಟಾಗ ‘ಮಾನ’ ಎಂಬ ಮಾತಿಗೆ ಎಷ್ಟು ವಿಶಾಲವಾದ ಅರ್ಥವು ಬರುತ್ತದೆ!

ಇದೇ ಕಾಲದ ಕಥೆಯನ್ನು ಎದುರು ದಂಡೆಯಿಂದ ತೋರಿಸಿದ ಹಿಂದಿ ಧಾರಾವಾಹಿಯೂ ಒಂದಿದೆ. ಭಗವಾನ ಗಿದ್ವಾನಿಯವರ ಕಾದಂಬರಿಯನ್ನು ಆಧರಿಸಿದ ‘ದಿ ಸ್ವೋರ್ಡ್ ಆಫ್ ಟಿಪ್ಪು ಸುಲ್ತಾನ್’ ೧೯೯೦–೯೧ರಲ್ಲಿ ದೂರದರ್ಶನದಲ್ಲಿ ಬಂದಿತು. ವಾದವು ನ್ಯಾಯಾಲಯದವರೆಗೆ ಹೋಗಿ, ಇದು ಕಲ್ಪಿತ ಕಥೆಯೆಂಬ ಸೂಚನೆಯೊಡನೆ ಅದು ಪ್ರಸಾರವಾಯಿತು. ಅದರಲ್ಲಿ ಹೈದರಲಿ, ಟಿಪ್ಪುಗಳು ನಾಯಕರು, ಮರಾಠರು ಎದುರಾಳಿಗಳು. ‘ಸ್ವಾಮಿ’ಯಲ್ಲಿ ಮರಾಠರು ನಾಯಕರು, ಹೈದರನು ಎದುರಾಳಿ. ಪುಣೆಯ ಮನೆಯೊಂದರಲ್ಲಿ, ಮೈಸೂರಿನ ಮನೆಯೊಂದರಲ್ಲಿ, ಪ್ರೇಕ್ಷಕನು ತನ್ನ ಕಡೆಯ ಕಿಟಕಿಯೊಂದನ್ನೇ ತೆರೆದು ತೃಪ್ತನಾಗಿರಬಹುದು. ಗಡಿಯ ಮನೆಗೆ ಎರಡು ಕಡೆಗೂ ಕಿಟಕಿಗಳಿವೆ. ಎರಡರಿಂದಲೂ ಗಾಳಿ ಬರುವುದರಿಂದ ನಮ್ಮಲ್ಲಿ ದೀಪವು ಕೆಲವೊಮ್ಮೆ ಹೊಯ್ದಾಡುತ್ತದೆ, ನಿಜ. ಆದರೆ ಉಸಿರಾಟವು ಚೆನ್ನಾಗಿರುತ್ತದೆ.

೬

ಎದುರಾಳಿಗೂ ಮಾನವನ್ನು ಕೊಡಬೇಕೆಂಬ ನಮ್ಮ ಬೇಡಿಕೆಯನ್ನು ಕೆಲವರು ಈ ಕಾಲದ ಹೊಸ ವಿಚಾರವೆಂದು ತಿಳಿಯಬಹುದು. ಕನ್ನಡದ ಮಟ್ಟಿಗೆ ಅದು ಸಾವಿರ ವರ್ಷದ ಹಳೆಯ ಪದ್ಧತಿ. ಮುಧೋಳದ ನೆಲದ ರನ್ನನು ತನ್ನ ಆಶ್ರಯದಾತನಾದ ಸತ್ಯಾಶ್ರಯನನ್ನು ಭೀಮನೊಡನೆ ಸಮೀಕರಿಸಿ ‘ಗದಾಯುದ್ಧ’ವನ್ನು ಬರೆದನು. ಆದರೂ ಓದಿ ಮುಗಿಸಿದವನ ಎದೆಯಲ್ಲಿ ಉಳಿಯುವವನು ದುರ್ಯೋ‍ಧನ. ದೊರೆಯ ಅನ್ನವನ್ನು ಉಂಡ ಕವಿಯೂ ದೊರೆಯ ವೈರಿಯ ಸ್ಥಾನದಲ್ಲಿರುವವನಿಗೆ ಛಲದ ಹಿರಿಮೆಯನ್ನು ಕೊಡಲು ಹಿಂಜರಿಯಲಿಲ್ಲ. ಇತ್ತೀಚಿನವರಲ್ಲಿ ಸಂಸರು ಮೈಸೂರಿನ ಅರಮನೆಯ ಮಸಲತ್ತುಗಳನ್ನೇ ನಾಟಕದ ವಸ್ತುವನ್ನಾಗಿ ಮಾಡಿಕೊಂಡರು. ರಾಜದ್ರೋಹಿಯ ಹೆಸರನ್ನೇ ಕೃತಿಗೆ ಇಟ್ಟು ‘ವಿಗಡ ವಿಕ್ರಮರಾಯ’ವನ್ನು ಬರೆದರು. ಕೇಡಿಯ ಬುದ್ಧಿಯ ಒಳಹೊಕ್ಕು ನೋಡುವ ಧೈರ್ಯವು ಅಲ್ಲಿದೆ.

‘ಸ್ವಾಮಿ’ಯ ಪಕ್ಕದಲ್ಲಿಟ್ಟು ನೋಡಲು ಅತ್ಯಂತ ಯೋಗ್ಯವಾದ ಕನ್ನಡ ಕೃತಿಯೆಂದರೆ ಮಾಸ್ತಿಯವರ ‘ಚಿಕವೀರ ರಾಜೇಂದ್ರ’. ಅದು ಪ್ರಕಟವಾದುದು ೧೯೫೬ರಲ್ಲಿ, ‘ಸ್ವಾಮಿ’ಗಿಂತ ಆರು ವರ್ಷ ಮುಂಚೆ, ೧೯೮೩ರ ಜ್ಞಾನಪೀಠ ಪುರಸ್ಕಾರದ ಸಂದರ್ಭದಲ್ಲಿ ಅದರ ಹೆಸರು ಮತ್ತೊಮ್ಮೆ ನಾಡಿನಲ್ಲೆಲ್ಲ ಕೇಳಿಬಂದಿತು. ೧೮೩೪ರಲ್ಲಿ ಕೊಡಗು ಇಂಗ್ಲಿಷರ ಪಾಲಾದ ಕಥೆಯದು. ದೇಸಾಯಿಯವರು ಒಳ್ಳೆಯ ಅರಸನ ಅಕಾಲಮರಣವನ್ನು ಕುರಿತು ಬರೆದರು. ಮಾಸ್ತಿಯವರು ಕೆಟ್ಟ ಅರಸನ ಪತನವನ್ನು ಕುರಿತು ಬರೆದರು. ಮೊದಲನೆಯದು ನಮ್ಮನ್ನು ಅಳಿಸುತ್ತದೆ. ಎರಡನೆಯದರಲ್ಲಿ ಅಳುವಿನ ಜೊತೆಗೆ ಯೋಚನೆಯೂ ಹುಟ್ಟುತ್ತದೆ. ದುಷ್ಟನೆಂದು ನಾವು ತಳ್ಳಿಹಾಕಿದವನಲ್ಲಿಯೂ ಒಂದು ಗಾಯವಿದ್ದುದನ್ನು ಮಾಸ್ತಿಯವರು ಮೆಲ್ಲನೆ ತೋರಿಸುತ್ತಾರೆ. ಸುತ್ತಲಿನ ಸಜ್ಜನರು ಸಕಾಲದಲ್ಲಿ ಏನು ಮಾಡಲಿಲ್ಲವೆಂಬುದನ್ನೂ ಎಣಿಸುತ್ತಾರೆ. ನಾಯಕನಿಗೆ ಭಕ್ತಿಯನ್ನು ಸಲ್ಲಿಸುವಲ್ಲಿ ‘ಸ್ವಾಮಿ’ಯು ಮೇಲು, ಎದುರಾಳಿಗೆ ನ್ಯಾಯವನ್ನು ಸಲ್ಲಿಸುವಲ್ಲಿ ‘ಚಿಕವೀರ ರಾಜೇಂದ್ರ’ವು ಮೇಲು. ಎರಡನ್ನೂ ಮೂಲದಲ್ಲಿಯೇ ಓದಬಲ್ಲ ಭಾಗ್ಯವು ಗಡಿನಾಡಿನವರಾದ ನಮಗೆ ಸಹಜವಾಗಿಯೇ ಬಂದಿದೆ.

ಇನ್ನು ಈ ಚರ್ಚೆಯಿಂದ ಶಿಕ್ಷಕ ಬಂಧು-ಭಗಿನಿಯರಿಗೆ ಆಗುವ ಪ್ರಯೋಜನವೇನು? ನಮ್ಮ ಮಕ್ಕಳು ಇತಿಹಾಸವನ್ನು ಪಾಠದ ಪುಸ್ತಕದಲ್ಲಿ ಓದುವುದಕ್ಕಿಂತ ಮೊದಲೇ ಪರದೆಯ ಮೇಲೆ ನೋಡಿರುತ್ತಾರೆ. ಧಾರಾವಾಹಿಯ ಚೂರುಗಳು ಈಗ ಅಂಗೈಯಲ್ಲಿನ ಮೊಬೈಲಿನಲ್ಲಿಯೂ ಸಿಕ್ಕುತ್ತವೆ. ಅರ್ಧ ನಿಮಿಷದ ಆ ಚೂರಿನಲ್ಲಿ ಖಡ್ಗವು ಮಿಂಚುತ್ತದೆ, ಘೋಷಣೆಯು ಮೊಳಗುತ್ತದೆ. ರಾಮಶಾಸ್ತ್ರಿಯ ಪ್ರಶ್ನೆಗೆ ಅಲ್ಲಿ ಜಾಗವಿಲ್ಲ. ಒಂದೇ ಬೆಂಚಿನ ಮೇಲೆ ಕುಳಿತ, ಒಬ್ಬನ ಮನೆಮಾತು ಕನ್ನಡ, ಇನ್ನೊಬ್ಬನದು ಮರಾಠಿ, ಮತ್ತೊಬ್ಬನದು ಉರ್ದು ಆಗಿರುವ ಹುಡುಗರು ಹಳೆಯ ದಂಡುಗಳ ಹೆಸರಿನಲ್ಲಿ ಹೊಸ ಗುಂಪುಗಳಾಗುವುದಕ್ಕೆ ಇಷ್ಟು ಸಾಕು. ಇದನ್ನು ನೋಡಬೇಡಿರೆಂದು ಹೇಳಿ ಪ್ರಯೋಜನವಿಲ್ಲ. ಹೇಗೆ ನೋಡಬೇಕೆಂದು ಕಲಿಸಬಹುದು.

ಅದಕ್ಕೆ ಹೆಚ್ಚಿನ ಸಾಧನಗಳು ಬೇಡ. ದೃಶ್ಯವೊಂದನ್ನು ನೋಡಿದ ಮೇಲೆ ಮಕ್ಕಳಿಗೆ ಮೂರು ಪ್ರಶ್ನೆಗಳನ್ನು ಹಾಕಬೇಕು. ಇದು ನಡೆದುದೆಂದು ಹೇಳಲು ಆಧಾರವೇನು? ಇದೇ ಪ್ರಸಂಗವನ್ನು ಎದುರು ಕಡೆಯವರು ಹೇಗೆ ಹೇಳಿಯಾರು? ಈ ದೃಶ್ಯದಲ್ಲಿ ಇರಬೇಕಾಗಿದ್ದು ಕಾಣದಿರುವವರು ಯಾರು? ಮೊದಲನೆಯ ಪ್ರಶ್ನೆಯಿಂದ ಆನಂದಿಬಾಯಿಗೆ ವಿಚಾರಣೆಯಾದರೂ ದೊರೆಯುತ್ತದೆ. ಎರಡನೆಯದರಿಂದ ಪುಣೆಯ ಮಸಲತ್ತು ಕೊಲ್ಲಾಪುರದ ಮಾನವಾಗುವುದು ಹೇಗೆಂದು ತಿಳಿಯುತ್ತದೆ. ಮೂರನೆಯದರಿಂದ ಅನುಬಾಯಿ, ವೀರಮ್ಮಾಜಿ, ಚೆನ್ನಮ್ಮಾಜಿಯರು ಪರದೆಯ ಹಿಂದಿನಿಂದ ಮುಂದಕ್ಕೆ ಬರುತ್ತಾರೆ. ಗಡಹಿಂಗ್ಲಜದ ಹುಡುಗನಿಗೆ ಕೋವಾಡವೂ ಸಾಮಾನಗಡವೂ ದೂರವಿಲ್ಲ. ಕೊಲ್ಲಾಪುರದವನಿಗೆ ಪನ್ಹಾಳವು ದೂರವಿಲ್ಲ. ಇತಿಹಾಸವು ನಡೆದ ನೆಲವನ್ನು ಕಾಲಿನಿಂದ ಮೆಟ್ಟಿ ನೋಡಿದ ಹುಡುಗನು ಪರದೆಯ ಮಾತಿಗೆ ಅಷ್ಟು ಸುಲಭವಾಗಿ ಮರುಳಾಗಲಾರನು.

‘ಸ್ವಾಮಿ’ಯನ್ನು ನಾವು ಒಳ್ಳೆಯ ಕೃತಿಯೆಂದೇ ಎಣಿಸುತ್ತೇವೆ. ಅಧಿಕಾರದಲ್ಲಿರುವವನು ಉತ್ತರ ಕೊಡಬೇಕೆಂಬ ಪಾಠವನ್ನು ಅದು ಕಣ್ಣಿಗೆ ಕಟ್ಟುವಂತೆ ಕಲಿಸಿತು. ಇಂದಿನ ಗದ್ದಲದ ಧಾರಾವಾಹಿಗಳು ಅದರಿಂದ ಕಲಿಯತಕ್ಕದ್ದು ಬಹಳವಿದೆ. ಅದು ಬಿಟ್ಟುಹೋದ ಪಾಠವೆಂದರೆ, ಮಾನವು ನಮ್ಮ ವಾಡೆಯೊಳಗೆ ಮಾತ್ರ ಇರುವ ಒಡವೆಯಲ್ಲವೆಂಬುದು. ಚೆನ್ನಮ್ಮಾಜಿಯು ಪರರ ಅರಸನಿಗಾಗಿ ಯುದ್ಧವನ್ನು ಮೈಮೇಲೆ ಹಾಕಿಕೊಂಡಾಗ ಕಾಪಾಡಿದ್ದು ಯಾರ ಮಾನವನ್ನು? ರಾಜಾರಾಮನದನ್ನೂ ಹೌದು, ತನ್ನದನ್ನೂ ಹೌದು. ಅದನ್ನು ನಾಟಕವಾಗಿ ಬರೆಯುವವನು ಕನ್ನಡದಲ್ಲಿ ಹುಟ್ಟಿದರೂ ಸಂತೋಷ, ಮರಾಠಿಯಲ್ಲಿ ಹುಟ್ಟಿದರೂ ಸಂತೋಷ. ಅವನು ನಮ್ಮ ಶಾಲೆಗಳ ಯಾವುದಾದರೊಂದು ಬೆಂಚಿನ ಮೇಲೆ ಈಗಲೇ ಕುಳಿತಿರಬಹುದು. ಅವನಿಗೆ ಎರಡೂ ಭಾಷೆಗಳನ್ನು ಚೆನ್ನಾಗಿ ಕಲಿಸಿ ಕಳುಹಿಸುವುದು ನಮ್ಮ ಕೆಲಸ.